ಹೆಡಕಿನಲ್ಲಿ ಉಳಿದ ಕಪ್ಪು

ನನ್ನ ಹೆಂಡತಿ ತೀರಿಕೊಂಡ ಮೇಲೆ ಅವಳ ಹಣಿಗೆಯನ್ನು ನಾನು ಗೂಡಿನಿಂದ ತೆಗೆದಿಲ್ಲ. ಹಲ್ಲುಗಳ ನಡುವೆ ಕೆಲವು ಕೂದಲು ಹಾಗೆಯೇ ಇವೆ. ಜೀವಮಾನವೆಲ್ಲ ಕೂದಲನ್ನೇ ಹಿಡಿದು ಬದುಕಿದವನಿಗೆ ಅವನ್ನು ಬಿಡಿಸುವುದು ದೊಡ್ಡ ಕೆಲಸವಲ್ಲ. ಆದರೂ ಕೈ ಹೋಗುತ್ತಿಲ್ಲ. ಅದಕ್ಕೆ ಮೊದಲು ನಾವಿಬ್ಬರೂ ಕೂಡಿ ಮಾಡಿದ ಒಂದು ಕೆಲಸವನ್ನು ಬರೆದಿಡೋಣ ಎಂದು ಕೂತಿದ್ದೇನೆ.

ಎಪ್ಪತ್ತರ ದಶಕದ ನಡುವಿನ ಮಾತು. ನಮ್ಮ ಮನೆ ಬೈಲಹೊಂಗಲದಲ್ಲಿತ್ತು, ಈಗಲೂ ಅಲ್ಲೇ ಇದೆ. ಊರೂರು ತಿರುಗುವ ಒಂದು ನಾಟಕ ಕಂಪನಿಗೆ ನಾನು ಟೋಪನ್ ಕಟ್ಟಿಕೊಡುತ್ತಿದ್ದೆ. ನಟನಟಿಯರು ತಲೆಗೆ ಹಾಕಿಕೊಳ್ಳುವ ಕಟ್ಟುಗೂದಲಿಗೆ ಕಂಪನಿಯವರು ಟೋಪನ್ ಎನ್ನುತ್ತಾರೆ. ತಲೆಯ ಆಕಾರದ ಕಟ್ಟಿಗೆಯ ಗುಂಡಿನ ಮೇಲೆ ನೂಲಿನ ಜಾಳಿಗೆ ಬಿಗಿದು, ಅದರ ಕಣ್ಣುಕಣ್ಣಿಗೂ ಕೊಕ್ಕೆಸೂಜಿಯಿಂದ ಕೂದಲನ್ನು ಗಂಟು ಹಾಕುತ್ತ ಹೋಗುವುದು ನನ್ನ ಕೆಲಸ. ಕೂದಲನ್ನು ಅಂಟವಾಳದಲ್ಲಿ ತೊಳೆದು, ಮೊಳೆ ಹೊಡೆದ ಹಲಗೆಯ ಮೇಲೆ ಹಿಕ್ಕಿ ಸಿಕ್ಕು ಬಿಡಿಸಿ, ಅಳತೆ ಪ್ರಕಾರ ಜೋಡಿಸಿಕೊಡುವುದು ಅವಳ ಕೆಲಸ. ಉದುರಿದ ಕೂದಲಿನ ಉಂಡೆಯಲ್ಲಿ ಬುಡ ಯಾವುದು, ತುದಿ ಯಾವುದು ಎಂದು ಕಣ್ಣಿಗೆ ತಿಳಿಯುವುದಿಲ್ಲ. ತಿಳಿಯದೆ ಹೇಗೆ ಬಂತೋ ಹಾಗೆ ಕಟ್ಟಿದರೆ ಟೋಪನ್ ಸಿಕ್ಕು ಬಿದ್ದು ಜಡೆಗಟ್ಟುತ್ತದೆ. ಅವಳು ಒಂದೊಂದನ್ನೂ ಹೆಬ್ಬೆರಳು ತೋರುಬೆರಳಿನ ನಡುವೆ ಹಿಡಿದು ಮೆಲ್ಲಗೆ ಹೊಸೆಯುತ್ತಿದ್ದಳು. ಹಾಗೆ ಹೊಸೆದರೆ ಕೂದಲು ಬುಡ ಮುಂದಾಗಿ ತಾನೇ ಸರಿಯುತ್ತದೆ. ಅದನ್ನು ನೋಡಿ ಬುಡಗಳನ್ನೆಲ್ಲ ಒಂದೇ ಕಡೆ ಮಾಡುತ್ತಿದ್ದಳು.

ಆ ವರ್ಷ ಕಂಪನಿ ಹೊಸ ನಾಟಕ ಎತ್ತಿಕೊಂಡಿತ್ತು. ಒಬ್ಬ ಹೆಣ್ಣುಮಗಳ ಕಥೆ. ಮೊದಲ ಅಂಕದಲ್ಲಿ ಎರಡು ಜಡೆಯ ಹುಡುಗಿ, ನಡುವಿನದರಲ್ಲಿ ಕೂಸಿನ ತಾಯಿ, ಕಡೆಯದರಲ್ಲಿ ಮುದುಕಿ. ಮೂರೂ ವಯಸ್ಸನ್ನು ಒಬ್ಬರೇ ನಟಿ ಮಾಡುತ್ತಾರೆ ಎನ್ನುವುದೇ ಆ ನಾಟಕದ ಆಕರ್ಷಣೆ. ನಟಿ ಕಂಪನಿಗೆ ಹಳಬರು, ನಾವೆಲ್ಲ ಬಾಯಾರು ಎನ್ನುತ್ತಿದ್ದೆವು. ವಯಸ್ಸು ನಲವತ್ತು ದಾಟಿತ್ತು. ನಾಯಕಿಯ ಪಾರ್ಟುಗಳು ಒಂದೊಂದಾಗಿ ಬೇರೆಯವರ ಪಾಲಾಗಿದ್ದವು. ಇದೊಂದು ಅವರಿಗೆ ಉಳಿದಿತ್ತು.

ಕಡೆಯ ಅಂಕದಲ್ಲಿ, ಕೂಸಿದ್ದಾಗಲೇ ಅಗಲಿಹೋದ ಮಗ ದೊಡ್ಡವನಾಗಿ ಎದುರಿಗೆ ಬಂದು ನಿಲ್ಲುತ್ತಾನೆ. ತಾಯಿಯ ಗುರುತು ಹತ್ತುವುದಿಲ್ಲ. ಆಗ ಅವಳು ತುರುಬು ಬಿಚ್ಚಿ, 'ಇದನ್ನು ಹಿಡಿದು ಜೋತುಬಿದ್ದು ಆಡುತ್ತಿದ್ದೆಯಪ್ಪಾ, ಬಣ್ಣ ಹೋಗಿದೆ, ಕೂದಲು ಅದೇ' ಎನ್ನುತ್ತಾಳೆ. ನಾಟಕವೆಲ್ಲ ಆ ಬಿಚ್ಚಿದ ಕೂದಲಿನ ಮೇಲೆ ನಿಂತಿತ್ತು.

ಮುದುಕಿಯ ಟೋಪನ್ ಮಾಡಲು ನಮ್ಮ ಕಸುಬಿನಲ್ಲಿ ಒಂದು ಹಳೆಯ ರೂಢಿ. ಕಪ್ಪು ಟೋಪನ್‌ಗೆ ಸಫೇದವನ್ನು, ಅಂದರೆ ನಟರು ಮುಖಕ್ಕೆ ಬಳಿಯುವ ಬಿಳಿ ಪುಡಿಯನ್ನು, ಅಂಟಿನಲ್ಲಿ ಕಲಸಿ ಬಳಿಯುವುದು. ಬುಡಕ್ಕೆ ಬಳಿದರೆ ಜಾಳಿಗೆ ಗಟ್ಟಿಯಾಗಿ ಒಡೆಯುತ್ತದೆ ಎಂದು ಅಲ್ಲಿ ಕಪ್ಪನ್ನೇ ಬಿಟ್ಟು, ಕೆಳಗೆ ಇಳಿದಂತೆ ಬಿಳಿ ಹೆಚ್ಚಿಸುತ್ತಿದ್ದೆವು. ತುರುಬು ಕಟ್ಟಿದ್ದಾಗ ಅದು ನಡೆಯುತ್ತಿತ್ತು. ಬಿಚ್ಚುವ ನಾಟಕ ಅದಕ್ಕೂ ಮೊದಲು ಬಂದಿರಲಿಲ್ಲ.

ಕಿತ್ತೂರಿನಲ್ಲಿ ಡೇರೆ ಹಾಕಿದ್ದರು. ಮೊದಲ ಆಟ ಭಾನುವಾರ ಮಧ್ಯಾಹ್ನ. ಹೊಲದ ಕೆಲಸ ಇರಲಿಲ್ಲವಾದ್ದರಿಂದ ಹೆಂಗಸರೇ ಹೆಚ್ಚು ಬಂದಿದ್ದರು. ಬಾಯಾರು ತುರುಬು ಬಿಚ್ಚಿದರು. ಒಣಗಿದ ಸಫೇದ ಪುಡಿಯಾಗಿ ಹೆಗಲ ಮೇಲೆ ಉದುರಿತು. ಮುಂದಿನ ಸಾಲಿನಲ್ಲಿದ್ದ ಒಬ್ಬಾಕೆ ಎಲ್ಲರಿಗೂ ಕೇಳುವಂತೆ, "ಯವ್ವಾ, ಮುದುಕಿ ಹಿಟ್ಟಿನ ಡಬ್ಬ್ಯಾಗ ಬಿದ್ದ ಎದ್ದ ಬಂದಾಳ ನೋಡs" ಎಂದಳು.

ಪಕ್ಕದವಳು ಬಿಡಲಿಲ್ಲ. "ಬುಡಕ ಕರೇದು, ತುದಿಗೆ ಬೆಳ್ಳಂದು. ಇಕೀ ಕೂದಲಾ ತಿರುವಿ ನಟ್ಟಾರಬೇ."

ಡೇರೆಯೆಲ್ಲ ನಕ್ಕಿತು. ಮಗನ ಪಾರ್ಟಿನವನು ಅಳಬೇಕಾದಲ್ಲಿ ತುಟಿ ಕಚ್ಚಿಕೊಂಡು ನಿಂತ. ಬಾಯಾರು ಮಾತ್ರ ತಮ್ಮ ಮಾತುಗಳನ್ನು ಕೊನೆಯವರೆಗೆ ಹೇಳಿದರು.

ಪರದೆ ಬಿದ್ದ ಮೇಲೆ ಕಂಪನಿಯ ಮಾಲಕರು ನನ್ನ ಮುಂದೆಯೇ ಬಾಯಾರಿಗೆ ಹೇಳಿದರು. "ಇಲ್ಲಿ ಉಳಿದ ಆಟಕ್ಕ ಹಳೇ ನಾಟಕ ಹಚ್ಚತೇನಿ. ರಾಮದುರ್ಗದಾಗ ಇನ್ನೊಮ್ಮೆ ಇದನ್ನ ನೋಡೂಣು. ಅಲ್ಲೂ ನಕ್ರ ಕಡೀ ಅಂಕ ಕಿತ್ತ ಹಾಕತೇನ್ರಿ. ಕಡೀ ಅಂಕ ಇಲ್ಲಂದ್ರ ಇದು ಹರೇದ ಹುಡಿಗೀ ಕತಿ ಆಗತೈತಿ. ಅದಕ್ಕ ಕಂಪನ್ಯಾಗಿನ ಆ ಹೊಸಾ ಹುಡಿಗೀನ ಸಾಕು."

ಬಾಯಾರು ನನ್ನ ಕಡೆ ತಿರುಗಿದರು. ಟೋಪನ್ ತೆಗೆದು ನನ್ನ ಕೈಯಲ್ಲಿಟ್ಟರು. "ಕೂದಲಾ ನೀವು ಸರಿ ಮಾಡ್ರಿ. ಅಳಸೂದು ನನಗ ಬಿಡ್ರಿ" ಎಂದರು.

ಮನೆಗೆ ಬಂದು ಹೆಂಡತಿಗೆ ನಡೆದದ್ದನ್ನು ಹೇಳಿದೆ. ಟೋಪನ್ ಬಿಚ್ಚಿ ನೋಡಿ ಅವಳೂ ನಕ್ಕಳು. ಆಮೇಲೆ ಕನ್ನಡಿಯ ಮುಂದೆ ಹೋಗಿ ತನ್ನ ಹಣೆಯ ಪಕ್ಕದಿಂದ ಒಂದು ಕೂದಲು ಕಿತ್ತುಕೊಂಡು ಬಂದಳು. ಅವಳಿಗೆ ಆಗ ಒಂದೆರಡು ನರೆ ಬಂದಿದ್ದವು. "ನೋಡ್ರಿ, ಬುಡದಿಂದ ತುದೀತನಕಾ ಒಂದ ಬಣ್ಣ. ಹೆಣ್ಣಮಕ್ಕಳು ಒಬ್ಬರ ತಲಿ ಒಬ್ಬರು ಹಿಕ್ಕಾವ್ರು. ಅವರ ಮುಂದ ಸುಣ್ಣಾ ಬಳದ್ರ ನಡೀತೈತೇನು?"

ಊರಿನ ಹೈಸ್ಕೂಲಿನಲ್ಲಿ ವಿಜ್ಞಾನದ ಮಾಸ್ತರರೊಬ್ಬರಿದ್ದರು. ನಾಟಕದ ಹುಚ್ಚಿನವರು. ಅವರ ಹತ್ತಿರ ಹೋದೆವು. ಶಾಲೆಯ ಸೂಕ್ಷ್ಮದರ್ಶಕದ ಕೆಳಗೆ ಅವಳ ಒಂದು ಕಪ್ಪು ಕೂದಲು, ಒಂದು ಬಿಳಿ ಕೂದಲು ಇಟ್ಟು ತೋರಿಸಿದರು. ಕಪ್ಪಿನಲ್ಲಿ ಸಣ್ಣ ಸಣ್ಣ ಕಾಳು ತುಂಬಿದಂತೆ ಕಂಡಿತು. ಬಿಳಿಯದು ಗಾಜಿನ ಕಡ್ಡಿಯಂತೆ ಖಾಲಿ.

"ಬೆಳ್ಳಗ ಅಂಬೂದು ಬಣ್ಣ ಅಲ್ಲ, ಬಣ್ಣ ಇಲ್ಲದ್ದು" ಎಂದರು ಮಾಸ್ತರರು. "ಕೂದಲಾ ಹುಟ್ಟೂದು ಚರ್ಮದ ಒಳಗ. ಬಣ್ಣಾ ತುಂಬೋ ಜೀವಕಣಗಳೂ ಅಲ್ಲೇ ಬುಡದಾಗ ಇರತಾವ. ಹೊರಗ ಬಂದದ್ದು ಸತ್ತ ಎಳಿ. ಅದಕ್ಕ ಯಾವ ಬಣ್ಣಾ ತುಂಬಿ ಕಳಿಸಿರತಾವೋ ಅದs ಕಡೀತನಕಾ ಇರತದ. ಒಂದು ಕೂದಲಾ ಉದುರಿದ ಮ್ಯಾಲ ಅದs ತೂತಿನಾಗ ಇನ್ನೊಂದು ಬರತದ. ವಯಸ್ಸಾದಂಗ ಆ ಕಣಗಳು ಕಡಿಮ್ಯಾಗತಾವ. ಒಂದು ಬುಡದಾಗ ಪೂರಾ ಮುಗದ್ವು ಅಂದ್ರ, ಅಲ್ಲಿಂದ ಮುಂದ ಬರೂದು ಬೆಳ್ಳಗs ಬರತದ."

"ಹಂಗಾರ ಬೂದಿ ಬಣ್ಣದ ಕೂದಲಾ ಅಂತಾರಲ್ರೀ?" ಎಂದು ಇವಳು ಕೇಳಿದಳು.

"ಹೆಚ್ಚಾಗಿ ಅದು ದೂರದಿಂದ ಕಾಣೂದವಾ. ಕರೇದು ಬೆಳ್ಳಂದು ಕೂಡಿ ಹಂಗ ಕಾಣತದ. ಎಲ್ಲಾ ಬುಡಾನೂ ಒಮ್ಮೆಗೇ ಮುಗಿಯೂದಿಲ್ಲ. ಒಂದಿವತ್ತು, ಒಂದು ಮುಂದಿನ ವರ್ಷ."

ಕೂಸುಗಳ ಕೂದಲು ಕೆಂಚಗಿದ್ದು ಆಮೇಲೆ ಕಪ್ಪಾಗುವುದೂ ಅಲ್ಲಿಂದಲೇ ಎಂದು ಹೇಳಿದರು. ಎಳೆಯ ವಯಸ್ಸಿನಲ್ಲಿ ಆ ಕಣಗಳು ಕೈ ಬಿಗಿಹಿಡಿದು ಬಣ್ಣ ಹಾಕುತ್ತವೆ, ಹರೆಯ ಬಂದಂತೆ ಧಾರಾಳವಾಗುತ್ತವೆ. ಯಾರಿಗೆ ಯಾವಾಗ ನರೆ ಶುರುವಾಗುತ್ತದೆ ಎನ್ನುವುದು ಬಹುಮಟ್ಟಿಗೆ ತಾಯಿತಂದೆಯಿಂದ ಬಂದದ್ದು. ಚಿಂತೆಯಿಂದ ಒಂದೇ ರಾತ್ರಿಯಲ್ಲಿ ತಲೆಯೆಲ್ಲ ಬೆಳ್ಳಗಾಯಿತು ಎನ್ನುವುದನ್ನು ಅವರು ಒಪ್ಪಲಿಲ್ಲ. ಹೊರಗೆ ಬಂದ ಎಳೆಯ ಬಣ್ಣವನ್ನು ಯಾವ ಚಿಂತೆಯೂ ವಾಪಸು ಕರೆಯಲಾರದು ಎಂದರು. "ಆ ಕಣಗಳು ಯಾಕ ದಣೀತಾವ ಅಂತ ಕೇಳಬ್ಯಾಡ್ರಿ, ನನಗೂ ಪೂರಾ ಗೊತ್ತಿಲ್ಲ" ಎಂದು ನಕ್ಕರು.

ಹೊರಗೆ ಬರುವಾಗಲೇ ನಾವು ತೀರ್ಮಾನ ಮಾಡಿದೆವು. ಸಫೇದ ಬೇಡ. ಹುಟ್ಟುಬಿಳಿಯ ಕೂದಲನ್ನೇ ತಂದು, ಕಪ್ಪಿನ ನಡುವೆ ಒಂದೊಂದಾಗಿ ಬುಡದಿಂದ ಕಟ್ಟಬೇಕು.

ತೀರ್ಮಾನ ಸುಲಭ, ಬಿಳಿ ಕೂದಲು ಎಲ್ಲಿಂದ ತರಬೇಕು? ಪಿನ್ನು, ರಿಬ್ಬನ್ನು ಕೊಟ್ಟು ಕೂದಲು ಕೊಳ್ಳುವವರು ಕಪ್ಪನ್ನಷ್ಟೇ ತರುತ್ತಿದ್ದರು. ಗಂಡಸಾದ ನಾನು ಯಾವ ಮುದುಕಿಯನ್ನೂ ಕೂದಲು ಕೇಳುವಂತಿರಲಿಲ್ಲ. ಹೆಂಡತಿ ಬುಟ್ಟಿ ಹಿಡಿದು ಹೊರಟಳು. ನಾನು ಬಸ್ಸಿನವರೆಗೆ, ಊರ ಅಗಸಿ ಬಾಗಿಲವರೆಗೆ ಜೊತೆ.

ಮುರಗೋಡದಲ್ಲಿ ಮನೆಮನೆಯ ಕಟ್ಟೆಯ ಮೇಲೆ ಕೂತು ಕೇಳಿದಳು. ಬಾಚುವಾಗ ಉದುರಿದ ಕೂದಲನ್ನು ಉಂಡೆ ಮಾಡಿ, ಉಗುಳಿ ಎಸೆಯುವುದು ನಮ್ಮ ಕಡೆಯ ಪದ್ಧತಿ. ಮತ್ತೊಬ್ಬರ ಕೈಗೆ ಸಿಗಬಾರದು. ಒಬ್ಬ ಅಜ್ಜಿ ನೇರವಾಗಿ ಹೇಳಿದಳಂತೆ, "ನಿನ್ನ ಮಾರಿ ನೋಡಿದ್ರ ಒಳ್ಳೇಕಿ ಕಾಣತಿ. ಆದ್ರ ಕೂದಲಾ ಕೊಡಾಕಿಲ್ಲವಾ. ನಾಳೆ ಯಾರರ ನಿಂಬಿಹಣ್ಣಿಗೆ ಸುತ್ತಿ ನಮ್ಮ ಬಾಗಲದಾಗ ಒಗದ್ರ?" ಇನ್ನೊಬ್ಬಳು ಚಹಾ ಕೊಟ್ಟು ಕಳಿಸಿದಳು, ಕೂದಲು ಕೊಡಲಿಲ್ಲ. ಅಲ್ಲಿ ಭೇಟಿಯಾದ ಬಳೆಗಾರ್ತಿಯೊಬ್ಬಳು ಮುನವಳ್ಳಿಯ ಒಂದು ಮನೆಯ ಗುರುತು ಹೇಳಿದಳು. "ಆ ಅವ್ವಾರ ಹಂತ್ಯಾಕ ಇದ್ರೂ ಇರಬೇಕು. ಕೇಳಿದ್ರ ಬೈತಾರೋ ಕೊಡತಾರೋ ದೇವರಿಗೇ ಗೊತ್ತು."

ಮುನವಳ್ಳಿಗೆ ಹೋಗುವ ಬಸ್ಸಿನಲ್ಲಿ ನವಿಲುತೀರ್ಥದ ಕಾಲುವೆ ಕೆಲಸದವರು ಸಲಿಕೆ ಬುಟ್ಟಿಗಳೊಂದಿಗೆ ತುಂಬಿದ್ದರು. ಆ ಮನೆ ಪೌರೋಹಿತ್ಯದ ಮನೆತನದ್ದು. ಮನೆಯ ಹಿರಿಯಾಕೆ ಹರೆಯದಲ್ಲೇ ವಿಧವೆಯಾದವರು, ಅಂದಿನ ಪದ್ಧತಿಯಂತೆ ತಲೆ ಬೋಳಿಸಿಕೊಂಡು ಕೆಂಪು ಸೀರೆಯಲ್ಲಿ ಬದುಕಿದವರು. ಕೆಲವು ವರ್ಷಗಳ ಹಿಂದೆ ಮನೆಗೆ ಬಂದ ಮೊಮ್ಮಗನ ಹೆಂಡತಿ, ಸಾಲೆ ಕಲಿಸುವಾಕೆ, ತಲೆ ಬೋಳಿಸಲು ಬಂದವನಿಗೆ ಇನ್ನು ಬರಬೇಡ ಎಂದು ಬಾಗಿಲಲ್ಲೇ ಹೇಳಿಬಿಟ್ಟಿದ್ದಳು. ಅಂದಿನಿಂದ ಅವ್ವಾರು ಕೂದಲು ಬಿಟ್ಟಿದ್ದರು. ನಾನು ಕಟ್ಟೆಯ ಆ ತುದಿಗೆ ಕೂತೆ, ಇವಳು ಹೊಸ್ತಿಲ ಹತ್ತಿರ. ಮಾತು ನನಗೆ ಪೂರ್ತಿ ಕೇಳುತ್ತಿತ್ತು.

"ಯಾತಕ್ಕಂದಿ? ನಾಟಕದಾಕಿ ತಲೀಗೆ?"

"ಹೌದ್ರಿ ಅವ್ವಾರ. ಅಕೀ ಪಾರ್ಟು ಹೋಗಾಕತ್ತೈತ್ರಿ. ಸುಣ್ಣಾ ಹಚ್ಚಿದ ಕೂದಲಾ ನೋಡಿ ಮಂದಿ ನಕ್ರು."

ಅವ್ವಾರು ಸೆರಗನ್ನು ತಲೆಯ ಮೇಲೆ ಎಳೆದುಕೊಂಡರು. ಬೈಯುತ್ತಾರೆ ಎಂದೇ ನಾನು ಕಾಯುತ್ತಿದ್ದೆ. "ನನ್ನವು ತೆಗದಾಗ ಮಣಕಾಲ ಮಟಾ ಕರೇ ಕೂದಲಾ ಇದ್ದವು" ಎಂದರು. "ತಿರುಗಿ ಬಂದಾಗ ಬರೇ ಬೆಳ್ಳಗ ಬಂದವು. ಎಲ್ಲಾರೂ ಕನ್ನಡಿ ನೋಡಿ ಒಂದ ಬಂತು, ಎರಡ ಬಂತು ಅಂತ ಅಳತಾರಂತ. ನನಗ ನಡುವ ಏನಾತು ಅಂಬೂದs ಗೊತ್ತಿಲ್ಲ ನೋಡವಾ. ಕರೇವು ಹೋದವು, ಬೆಳ್ಳನ್ನವು ಬಂದವು."

ಒಳಗೆ ಹೋಗಿ ಬಟ್ಟೆಯ ಚೀಲ ತಂದರು. ಕೂದಲು ಬಿಟ್ಟಾಗಿನಿಂದ ಬಾಚುವಾಗ ಉದುರಿದ್ದನ್ನೆಲ್ಲ ಅದರಲ್ಲಿ ತುಂಬಿಟ್ಟಿದ್ದರು. ಎಸೆಯಲು ಮನಸ್ಸು ಬಂದಿರಲಿಲ್ಲವಂತೆ. ಮೊಮ್ಮಗನ ಹೆಂಡತಿ ಒಳಗಿನಿಂದ, "ಅಜ್ಜಿ, ಬೇಕಾದ್ರ ಕೊಡ್ರಿ, ಬ್ಯಾಡಾದ್ರ ಬಿಡ್ರಿ, ಯಾರಿಗೂ ಅಂಜಬ್ಯಾಡ್ರಿ" ಎಂದಳು.

"ಅಂಜಿಕಿ ಎಲ್ಲೀದು ಈಗ" ಎಂದರು ಅವ್ವಾರು. ಚೀಲವನ್ನು ಇವಳ ಉಡಿಗೆ ಹಾಕಿದರು. "ನಾ ಒಂದೂ ನಾಟಕ ನೋಡಿಲ್ಲ. ನನ್ನ ಕೂದಲಾರ ನೋಡ್ಲಿ."

ಮನೆಗೆ ಬಂದು ಇವಳು ಆ ಉಂಡೆಗಳನ್ನು ಬಿಡಿಸಲು ಕೂತಳು. ಬಿಳಿ ಕೂದಲು ಕಪ್ಪಿಗಿಂತ ಬಿರುಸು, ಬೆರಳಿನಿಂದ ಜಾರುತ್ತದೆ. ಕಪ್ಪು ಬಟ್ಟೆ ಹಾಸಿಕೊಂಡು, ಒಂದೊಂದನ್ನು ಹೊಸೆದು ಬುಡ ಹುಡುಕಿದಳು. ನಾನು ಹಣೆಯ ಅಂಚಿನಿಂದ ಶುರು ಮಾಡಿದೆ. ಹಣೆಯ ಎರಡೂ ಪಕ್ಕಕ್ಕೆ ಬರೀ ಬಿಳಿ, ಜಾಳಿಗೆಯ ಒಂದು ಕಣ್ಣಿಗೆ ಒಂದೇ ಎಳೆ. ನೆತ್ತಿಯ ಕಡೆ ಹೋದಂತೆ ಎರಡು ಬಿಳಿಗೆ ಒಂದು ಕಪ್ಪು, ಆಮೇಲೆ ಸಮಸಮ. ಒಂದೇ ಲೆಕ್ಕದಲ್ಲಿ ಕಟ್ಟಿದರೆ ಪಟ್ಟೆಪಟ್ಟೆಯಾಗಿ ಕಾಣುತ್ತಿತ್ತು, ಬಿಚ್ಚಿ ಮತ್ತೆ ಕಟ್ಟಿದೆ. ಮೊದಲ ಅಂಕದ ಹುಡುಗಿಯ ಟೋಪನ್‌ಗೂ ಬಿಸಿಲಿಗೆ ಕೆಂಚಗಾದ ಎಳೆಗಳನ್ನು ಆರಿಸಿ ಸೇರಿಸಿದೆವು.

ಕಿವಿಯ ಹಿಂದಕ್ಕೆ ಬರುವಷ್ಟರಲ್ಲಿ ಬಿಳಿ ಮುಗಿಯಿತು. ಕಂಪನಿ ಆಗಲೇ ಕಿತ್ತೂರಿನ ಡೇರೆ ಕಿತ್ತು ರಾಮದುರ್ಗಕ್ಕೆ ಸಾಮಾನು ಸಾಗಿಸುತ್ತಿತ್ತು. ಇನ್ನೊಂದು ಮನೆ ಹುಡುಕಲು ವೇಳೆ ಇರಲಿಲ್ಲ. ಹಿಂಭಾಗಕ್ಕೆ, ಕತ್ತಿನ ಮೇಲಿನ ಹೆಡಕಿಗೆ, ಸಫೇದ ಬಳಿಯದೆ ಗತಿಯಿಲ್ಲ ಎಂದು ನಾನು ಡಬ್ಬಿ ತೆಗೆದೆ. ಅವಳು ನನ್ನ ಕೈಯಿಂದ ಅದನ್ನು ಇಸಿದುಕೊಂಡಳು.

"ಹೆಡಕಿನ ಮ್ಯಾಲ ಕರೇದು ಬಿಡ್ರಿ."

"ಹಿಂದ ಎಲ್ಲಾ ಕರೇದು ಕಾಣತೈತಲಾ. ಮತ್ತ ನಗತಾರ."

"ನಗೂದಿಲ್ಲ. ನಮ್ಮವ್ವನ ತಲಿ ಕಡೀತನಕಾ ನಾ ಹಿಕ್ಕೇನಿ. ಮುಂದೆಲ್ಲಾ ಬೆಳ್ಳಗಾಗಿತ್ತು, ಹೆಡಕಿನ್ಯಾಗ ಕರೇವು ಹಂಗs ಇದ್ದವು. ಭಾಳ ಮಂದೀಗೆ ಅಲ್ಲಿ ಕಡೀಗೆ ಬೆಳ್ಳಗಾಗತಾವ. ತುರುಬ ಬಿಚ್ಚಿದ್ರ ಮ್ಯಾಲಿನ ಬೆಳ್ಳಂದು ಅದನ್ನ ಮುಚ್ಚತೈತಿ. ನಡುವ ಅಷ್ಟಿಷ್ಟು ಕರೇದು ಇಣಿಕಿದ್ರ ಖರೇ ತಲೀ ಕಾಣತೈತಿ."

ಅವಳ ಮಾತಿನಂತೆ ಮಾಡಿದೆ. ಅಂಚಿನಲ್ಲಿ ಅಲ್ಲೊಂದು ಇಲ್ಲೊಂದು ಬಿಳಿ ಬೆರೆಸಿ, ಹೆಡಕಿಗೆ ಕಪ್ಪು ಬಿಟ್ಟೆ.

ರಾಮದುರ್ಗದ ಡೇರೆಯಲ್ಲಿ ಬಾಯಾರ ಕೈಗೆ ಟೋಪನ್ ಕೊಟ್ಟಾಗ ಅವರು ಯಾರ ಕೂದಲು ಎಂದು ಕೇಳಿದರು. ಹೆಂಡತಿ ಎಲ್ಲ ಹೇಳಿದಳು. ಬಾಯಾರು ಅದನ್ನು ಎರಡೂ ಕಣ್ಣಿಗೆ ಒತ್ತಿಕೊಂಡು ಹಾಕಿಕೊಂಡರು.

ಅಲ್ಲೂ ಮಧ್ಯಾಹ್ನದ ಆಟವೇ, ಅಲ್ಲೂ ಹೆಂಗಸರೇ ಹೆಚ್ಚು. ಕಡೆಯ ಅಂಕಕ್ಕೆ ನಾನು ಪಕ್ಕದ ಪರದೆಯ ಹಿಂದೆ ನಿಂತೆ. ನನ್ನಾಕೆ ಮುಂದೆ ಹೋಗಿ ಮಂದಿಯ ನಡುವೆ ಕೂತಿದ್ದಳು. ತುರುಬು ಬಿಚ್ಚಿ ಕೂದಲು ಬೆನ್ನ ಮೇಲೆ ಇಳಿಯಿತು. ಬಾಯಾರು ಮಗನ ಕಡೆ ತಿರುಗುವಾಗ ಒಳಗಿನ ಕಪ್ಪು ಒಂದಿಷ್ಟು ಇಣುಕಿ ಮತ್ತೆ ಮರೆಯಾಯಿತು. ಡೇರೆಯಲ್ಲಿ ಯಾರೂ ನಗಲಿಲ್ಲ. ಎಲ್ಲೋ ಒಂದು ಕೂಸು ಅತ್ತಿತು, ಅದರ ತಾಯಿ ಅದನ್ನು ಸುಮ್ಮನಾಗಿಸುವ ಬಳೆಯ ಸದ್ದು ನನಗೆ ಕೇಳಿಸಿತು. ತನ್ನ ಪಕ್ಕದಲ್ಲಿ ಕೂತ ಹೆಂಗಸು, "ಥೇಟ ನಮ್ಮವ್ವನ ಗತೆ ಅದಾಳ" ಎಂದು ಸೆರಗಿನಿಂದ ಕಣ್ಣೊರೆಸಿಕೊಂಡಳು ಎಂದು ಆಮೇಲೆ ಇವಳು ಹೇಳಿದಳು.

ಮಾಲಕರು ಒಳಗೆ ಬಂದು ಬಾಯಾರ ಮುಂದೆ ನಿಂತರು. "ನಾಳಿಗೂ ಇದನ್ನs ಹಚ್ಚತೇನ್ರಿ" ಎಂದಷ್ಟೇ ಅಂದರು.

"ಹಚ್ಚರಿ" ಎಂದರು ಬಾಯಾರು. "ಹುಡಿಗೀಗೆ ಇನ್ನಷ್ಟು ವರ್ಷ ತಡೀಲಿಕ್ಕೆ ಹೇಳ್ರಿ."

ಆ ನಾಟಕ ಸವದತ್ತಿ, ಬೈಲಹೊಂಗಲ ಎಲ್ಲ ಕಡೆ ನಡೆಯಿತು. ಬಾಯಾರು ಅದನ್ನು ತಾವಾಗಿ ಬಿಡುವವರೆಗೂ ಮಾಡಿದರು.

ರಾಮದುರ್ಗದ ಆಟಗಳು ಮುಗಿದ ಮೇಲೆ ತೊಳೆಯಲೆಂದು ಟೋಪನ್ ನಮ್ಮ ಕೈಗೆ ಬಂತು. ನೇರ ಮನೆಗೆ ಹೋಗುವ ಬದಲು ಹೆಂಡತಿ ಮುನವಳ್ಳಿಯಲ್ಲಿ ಇಳಿಯೋಣ ಎಂದಳು. ಅವ್ವಾರು ಟೋಪನ್ನನ್ನು ತೊಡೆಯ ಮೇಲಿಟ್ಟುಕೊಂಡು, ಕೂಸಿನ ತಲೆ ಸವರಿದಂತೆ ಸವರಿದರು. ಮಂದಿ ಅತ್ತರೇ ಎಂದು ಕೇಳಿದರು. ಅತ್ತರು ಎಂದು ಇವಳು ಹೇಳಿದಳು. ಬೆರಳು ಹಿಂಭಾಗಕ್ಕೆ ಹೋದಾಗ ಅವರು ಕೈ ನಿಲ್ಲಿಸಿದರು.

"ಇವು ನನ್ನವಲ್ಲ. ಇಲ್ಲಿ ಕರೇವು ಯಾಕ ಹಾಕೀರಿ?"

"ಹೆಡಕಿನ್ಯಾಗ ಕಡೀಗೆ ಬೆಳ್ಳಗಾಗತಾವ್ರಿ, ಅದಕ್ಕ."

ಅವ್ವಾರು ಸೆರಗು ಸರಿಸಿ ತಮ್ಮ ಹೆಡಕಿನ ಮೇಲೆ ಕೈಯಿಟ್ಟುಕೊಂಡರು. "ನನಗ ಕನ್ನಡ್ಯಾಗ ಕಾಣೂದಿಲ್ಲ. ನೀ ನೋಡವಾ" ಎಂದರು.

ನಾನು ಮುಖ ತಿರುಗಿಸಿ ಬೀದಿ ನೋಡುತ್ತ ಕೂತೆ. ಹೆಂಡತಿ ಅವರ ಬೆನ್ನ ಹಿಂದೆ ಹೋಗಿ ಕೂದಲನ್ನು ಎತ್ತಿ, ಸೀಳಿ, ಮೆಲ್ಲಗೆ ಹುಡುಕುತ್ತಿರುವುದು ಅವಳ ಬಳೆಗಳಿಂದ ತಿಳಿಯುತ್ತಿತ್ತು.

"ಅದಾವ್ರಿ ಅವ್ವಾರ" ಎಂದಳು. "ಕೆಳಗ, ಒಳಗ. ಇನ್ನೂ ಕರೇವು ಅದಾವು."

ಅವ್ವಾರು ಮತ್ತೊಮ್ಮೆ ಹೆಡಕು ಮುಟ್ಟಿ ನೋಡಿಕೊಂಡರು. ನಾವು ಎದ್ದಾಗ ಇಬ್ಬರಿಗೂ ಊಟ ಮಾಡಿಸದೆ ಬಿಡಲಿಲ್ಲ.

ಹೆಂಡತಿ ಹಾಸಿಗೆ ಹಿಡಿದ ಮೇಲೆ ಕೈ ಎತ್ತಲಾಗುತ್ತಿರಲಿಲ್ಲ. ನಾನೇ ತಲೆ ಬಾಚುತ್ತಿದ್ದೆ. ಮುಂದೆಲ್ಲ ಬೆಳ್ಳಗಾಗಿತ್ತು. ದಿನವೂ ಹೆಡಕಿಗೆ ಹಣಿಗೆ ಬಂದಾಗ, "ಅದಾವೇನ್ರಿ?" ಎಂದು ಕೇಳುತ್ತಿದ್ದಳು.

"ಅದಾವು."

"ಎಷ್ಟ ಅದಾವು?"

"ಒಂದ ಟೋಪನ್ನಿಗೆ ಸಾಕು."

"ಸುಳ್ಳ ಹೇಳಬ್ಯಾಡ್ರಿ" ಎಂದು ನಗುತ್ತಿದ್ದಳು. ಆ ನಗು ನನಗೆ ಸಿಕ್ಕಿತ್ತು, ದಿನವೂ ಸಿಗುತ್ತಿತ್ತು. ಅಷ್ಟಕ್ಕೆ ನಾನು ಋಣಿ.

ಇಷ್ಟು ಬರೆದಾದ ಮೇಲೆ ಇಂದು ಹಣಿಗೆ ತೆಗೆದೆ. ಕಪ್ಪು ಬಟ್ಟೆ ಹಾಸಿ ಕೂದಲನ್ನು ಬಿಡಿಸಿದೆ. ಬಿಳಿಯವುಗಳ ನಡುವೆ ಒಂದು ಕಪ್ಪು ಇತ್ತು, ಬಟ್ಟೆಯ ಮೇಲೆ ಮೊದಲು ಕಾಣಲೇ ಇಲ್ಲ. ಒಂದೊಂದನ್ನೂ ಬೆರಳ ನಡುವೆ ಹಿಡಿದು ಅವಳಂತೆಯೇ ಹೊಸೆದೆ. ಕಣ್ಣು ಮಂಜಾಗಿದ್ದರೂ ಕೂದಲು ಸರಿಯುವುದು ಬೆರಳಿಗೆ ತಿಳಿಯುತ್ತದೆ. ಬುಡಗಳನ್ನೆಲ್ಲ ಒಂದೇ ಕಡೆ ಮಾಡಿ, ನೂಲಿನಿಂದ ಕಟ್ಟಿ ಇಟ್ಟೆ.